ಬಲಗಿವಿಯ ಮಳೆಗಾಲ

ಆರ್‌ಪಿಸಿ ಲೇಔಟಿನ ನಮ್ಮ ಮನೆಯ ಕೆಳಗಿನ ಮಳಿಗೆಗೆ ಕಳೆದ ತಿಂಗಳು ಸೋಫಾ ರಿಪೇರಿಯವರು ಬಂದರು. ಬೆಳಿಗ್ಗೆ ಶಟರ್ ಎತ್ತಿದ ಕೂಡಲೇ ಸ್ಪಂಜಿಗೆ ಬಳಿಯುವ ಹಳದಿ ಅಂಟಿನ ವಾಸನೆ ಮೆಟ್ಟಿಲು ಹತ್ತಿ ಮೇಲೆ ಬರುತ್ತದೆ. ನಾನು ಕಿಟಕಿ ಮುಚ್ಚುತ್ತೇನೆ, ಆದರೆ ಮುಚ್ಚುವ ಮೊದಲು ಒಂದೆರಡು ನಿಮಿಷ ಸುಮ್ಮನೆ ನಿಂತಿರುತ್ತೇನೆ. ಈ ವಾಸನೆಯಿರುವ ಎರಡು ಕೋಣೆಗಳನ್ನು ನಾನು ಬಲ್ಲೆ. ಒಂದರಲ್ಲಿ ಇಪ್ಪತ್ತು ವರ್ಷಕ್ಕೂ ಮೀರಿ ಕೆಲಸ ಮಾಡಿದ್ದೇನೆ. ಇನ್ನೊಂದಕ್ಕೆ ಹೋದದ್ದು ಒಂದೇ ಸಲ. ಅವೆರಡರ ನಡುವೆ ಮೂರು ವರ್ಷದ ಹಿಂದಿನ ಒಂದು ಮಳೆಗಾಲ ಇದೆ. ಅದನ್ನು ನಡೆದ ಕ್ರಮದಲ್ಲೇ ಬರೆಯುತ್ತೇನೆ.

ಬಸವೇಶ್ವರನಗರದಲ್ಲಿ ಒಂದು ಜೆರಾಕ್ಸ್ ಅಂಗಡಿಯ ಮೇಲೆ ಕಿವಿ, ಮೂಗು, ಗಂಟಲಿನ ಸಣ್ಣ ಕ್ಲಿನಿಕ್ಕು. ಡಾಕ್ಟರು ಒಬ್ಬರೇ. ಬಂದವರ ಕಿವಿ ಎಷ್ಟು ಕೇಳುತ್ತದೆ ಎಂದು ಅಳೆಯುವುದು ನನ್ನ ಕೆಲಸ. ಮೂಲೆಯಲ್ಲಿ ಬೀರುವಿನಂಥ ಒಂದು ಕೋಣೆ, ಒಳಗೋಡೆಗೆಲ್ಲ ಅಂಟಿಸಿದ ಸ್ಪಂಜು, ಒಂದು ಕುರ್ಚಿ, ದಪ್ಪ ಗಾಜಿನ ಸಣ್ಣ ಕಿಟಕಿ. ಬಂದವರು ಒಳಗೆ ಕೂತು ಹೆಡ್‌ಫೋನ್ ಹಾಕಿಕೊಂಡು ಕೈಯಲ್ಲಿ ಒಂದು ಬಟನ್ ಹಿಡಿಯುತ್ತಾರೆ. ಹೊರಗೆ ಯಂತ್ರದ ಮುಂದೆ ನಾನು. ನಾನು ಗುಂಡಿ ಒತ್ತಿದರೆ ಅವರ ಕಿವಿಯಲ್ಲಿ ಒಂದು ಸಣ್ಣ ನಾದ. ಕೇಳಿಸಿದರೆ ಅವರು ಬಟನ್ ಒತ್ತಬೇಕು, ನನ್ನ ಮುಂದೆ ದೀಪ ಹತ್ತುತ್ತದೆ. ಹತ್ತಿದರೆ ನಾದವನ್ನು ಇನ್ನೂ ತಗ್ಗಿಸುತ್ತೇನೆ, ಹತ್ತದಿದ್ದರೆ ಏರಿಸುತ್ತೇನೆ. ಹೀಗೆ ತಗ್ಗಿನ ಸ್ವರದಿಂದ ಎತ್ತರದ ಸ್ವರದವರೆಗೆ ಏಳೆಂಟು ಸ್ವರಗಳಲ್ಲಿ ಅಳೆದು ಗುರುತು ಹಾಕುತ್ತೇನೆ. ಬಲಗಿವಿಗೆ ಕೆಂಪು ಸೊನ್ನೆ, ಎಡಗಿವಿಗೆ ನೀಲಿ ಗುಣಿಸುವ ಗುರುತು. ಅವನ್ನು ಸೇರಿಸಿದರೆ ಕಾಗದದ ಮೇಲೆ ಎರಡು ಗೆರೆ. ಆ ಗೆರೆ ಮೇಲಿದ್ದಷ್ಟೂ ಕಿವಿ ಒಳ್ಳೆಯದು, ಕೆಳಗಿಳಿದಷ್ಟೂ ಮಂದ. ದಿನಕ್ಕೆ ಹತ್ತು ಹನ್ನೆರಡು ಜನ. ಒತ್ತು, ನೋಡು, ತಿರುಗಿಸು, ಒತ್ತು. ಕೈಗೆ ತಾನಾಗಿ ಒಂದು ನಡಿಗೆ ಬಂದುಬಿಟ್ಟಿತ್ತು.

ಅವನು ಬಂದದ್ದು ಜುಲೈ ತಿಂಗಳ ಒಂದು ಸೋಮವಾರ. ಬೆಳಗಿನಿಂದ ಜಿಟಿಜಿಟಿ ಮಳೆ. ಮೆಟ್ಟಿಲ ಮೇಲೆ ಒದ್ದೆ ರೇನ್‌ಕೋಟುಗಳು, ಬೆಂಚಿನ ತುಂಬ ನೆಗಡಿಯವರು. ಪುಸ್ತಕದಲ್ಲಿ ತಾನೇ ಬರೆದ: ಲೋಹಿತ್, ಇಪ್ಪತ್ತಾರು, ಲಗ್ಗೆರೆ. ಕೆಲಸ ಎಂಬ ಕಡೆ ರ‍್ಯಾಪರ್, ಪ್ರೊಡ್ಯೂಸರ್ ಎಂದು ಬರೆದದ್ದನ್ನು ನೋಡಿ ಸಿನಿಮಾ ನಿರ್ಮಾಪಕರೇ ಎಂದು ಕೇಳಿದೆ. ಈ ಪ್ರಶ್ನೆ ಅವನಿಗೆ ಹೊಸದಲ್ಲ ಎಂದು ಮುಖ ನೋಡಿದರೆ ತಿಳಿಯುತ್ತಿತ್ತು. ಹಾಡಿನ ಹಿಂದಿನ ತಾಳ ಕಟ್ಟುವುದು, ದನಿ ರೆಕಾರ್ಡ್ ಮಾಡುವುದು, ಯಾವ ಸದ್ದು ಎಷ್ಟಿರಬೇಕು, ಯಾವ ಕಡೆಯಿಂದ ಬರಬೇಕು ಎಂದು ಹದ ಮಾಡುವುದು, ಇದನ್ನೇ ಪ್ರೊಡ್ಯೂಸ್ ಮಾಡುವುದು ಅನ್ನುತ್ತಾರೆ ಎಂದು ತಾಳ್ಮೆಯಿಂದ ವಿವರಿಸಿದ. ತನ್ನ ಹಿಂದೆ ಕಂಪನಿ ಯಾವುದೂ ಇಲ್ಲ, ಎಲ್ಲ ತಾನೇ ಎಂದ. ಅವತ್ತಿಗೆ ಎರಡು ದಿನದ ಹಿಂದೆ ಎದ್ದಾಗ ಬಲಗಿವಿಗೆ ಹತ್ತಿ ತುರುಕಿದ ಹಾಗಿತ್ತಂತೆ. ಹೋಗುತ್ತದೆ ಎಂದು ಕಾದಿದ್ದ. ಹೋಗಿರಲಿಲ್ಲ. ಅವನ ಮೊದಲ ಆಲ್ಬಮ್, ಒಂಬತ್ತು ಹಾಡು, ದಸರಾ ಮುಗಿಯುವಷ್ಟರಲ್ಲಿ ಹೊರಗೆ ಬರಬೇಕಿತ್ತು.

ಕೋಣೆಯೊಳಗೆ ಹೋದವನೇ ಒಂದು ಸಲ ಚಪ್ಪಾಳೆ ತಟ್ಟಿ, ಸದ್ದು ಎಲ್ಲೂ ಮರುದನಿಯಾಗದೆ ಅಲ್ಲೇ ಇಂಗಿದ್ದನ್ನು ಗಮನಿಸಿದ.

“ನಮ್ ರೆಕಾರ್ಡಿಂಗ್ ರೂಮಿಗಿಂತ ಚೆನ್ನಾಗಿದೆ ಮೇಡಂ. ಇಲ್ಲೇ ಒಂದು ಟೇಕ್ ತಗೊಂಡ್ಬಿಡ್ಲಾ?”

ಹೊರಗೆ ಆರು ಜನ ಕಾಯುತ್ತಿದ್ದಾರೆ, ಕೂತ್ಕೊಳ್ಳಿ ಎಂದೆ. ಬಾಗಿಲು ಹಾಕಿ ಎಡಗಿವಿ ಶುರು ಮಾಡಿದೆ. ದೀಪ ಚಕಚಕನೆ ಹತ್ತಿತು. ತಗ್ಗಿಸಿದೆ, ಹತ್ತಿತು. ಕಡೆಯ ಮಟ್ಟದವರೆಗೂ ಹತ್ತಿತು. ಬಲಗಿವಿಗೆ ಬಂದೆ. ಅಲ್ಲೂ ಅಷ್ಟೇ. ಕೆಂಪು ಗೆರೆ ನೀಲಿ ಗೆರೆಯ ಮೇಲೆ ಕೂತಿತು. ಅಂಥ ಕಾಗದ ನನ್ನ ಕೈಯಲ್ಲಿ ಅಪರೂಪ. ಹಾಡುವವರ ಕಿವಿಯಲ್ಲವೇ ಎಂದುಕೊಂಡೆ. ಅವನು ಹೊರಗೆ ಬಂದಾಗ, ಇಷ್ಟು ಒಳ್ಳೆಯ ಕಿವಿಯನ್ನು ಈ ವರ್ಷ ನೋಡಿಲ್ಲ ಎಂದೆ. ಅದನ್ನು ಹೇಳಬೇಕಾದ ಅಗತ್ಯ ಇರಲಿಲ್ಲ. ಅವನ ಭುಜ ಸಡಿಲವಾಯಿತು. ಅಮ್ಮನಿಗೆ ತೋರಿಸಬೇಕು ಎಂದು ಕೆಳಗಿನ ಅಂಗಡಿಯಲ್ಲಿ ಒಂದು ಜೆರಾಕ್ಸ್ ಮಾಡಿಸಿಕೊಂಡು ಬಂದ.

ಡಾಕ್ಟರು ಕಿವಿಯೊಳಗೆ ಬೆಳಕು ಬಿಟ್ಟು ನೋಡಿದರು, ಗಂಟಲು ನೋಡಿದರು. ಗಂಟಲು ಕೆಂಪಗಿತ್ತು. ಇಂಥ ದೂರು ಬಂದಾಗ ತೊಂದರೆ ನೆಗಡಿಯದೋ ನರದ್ದೋ ಎಂದು ತಿಳಿಯಲು ಲೋಹದ ಶ್ರುತಿಕವೆಯನ್ನು, ಅಂದರೆ ಟ್ಯೂನಿಂಗ್ ಫೋರ್ಕನ್ನು, ಮೀಟಿ ತಲೆಗೆ ಹಿಡಿದು ನೋಡುವುದು ಪದ್ಧತಿ. ಅವತ್ತು ಅದು ಡ್ರಾದಿಂದ ಹೊರಗೆ ಬರಲಿಲ್ಲ. ನನ್ನ ಕಾಗದ ಇತ್ತಲ್ಲ. ನೆಗಡಿಗೆ ಕಿವಿಯ ನಾಳ ಕಟ್ಟಿಕೊಂಡಿದೆ, ಇಳಿಯಲು ಕೆಲವು ವಾರ ಹಿಡಿಯಬಹುದು ಎಂದು ಮೂಗಿಗೆ ಹನಿ ಬರೆದುಕೊಟ್ಟರು.

ಅವನು ಮಳೆಯಲ್ಲೇ ಇಳಿದುಹೋದ. ನಾನು ಮುಂದಿನವರನ್ನು ಕರೆದೆ.

ಆಮೇಲಿನ ಐದು ವಾರದಲ್ಲಿ ನಡೆದದ್ದು ನನಗೆ ಗೊತ್ತಾದದ್ದು ಅವನಿಂದ, ಅವನ ಗೆಳೆಯ ಇಮ್ರಾನನಿಂದ. ಇಮ್ರಾನ್ ಅದೇ ಬೀದಿಯವನು, ಹಗಲು ಪೀಣ್ಯದ ಕಾರ್ಖಾನೆಯಲ್ಲಿ ಲೇತ್ ಯಂತ್ರ ನಡೆಸುತ್ತಾನೆ, ಲೋಹಿತನ ಹಾಡುಗಳಿಗೆ ತಾಳ ಕಟ್ಟಲು ಜೊತೆಗೂಡುತ್ತಾನೆ. ಇಬ್ಬರೂ ಸೇರಿ ವಿಜಯನಗರದ ಕಾಲೇಜೊಂದರ ವೇದಿಕೆಯಲ್ಲಿ ಶುರು ಮಾಡಿದ್ದಂತೆ. ಮೊದಲ ಹಾಡನ್ನು ಹೊದಿಕೆಯೊಳಗೆ ಮುಸುಕು ಹಾಕಿಕೊಂಡು ಫೋನಿನಲ್ಲಿ ಹಿಡಿದದ್ದು. ಆಮೇಲೆ ಲೋಹಿತ್ ಕೊರಿಯರ್ ಕಂಪನಿಯ ಕೆಲಸ ಬಿಟ್ಟ, ಬೇರೆ ಹುಡುಗರ ಹಾಡುಗಳನ್ನು ಹದ ಮಾಡಿಕೊಟ್ಟು ಹೆಸರು ಮಾಡಿದ. ಕೆಂಗೇರಿ ಕಡೆಯಿಂದಲೂ ಲಗ್ಗೆರೆಗೆ ಹುಡುಕಿಕೊಂಡು ಬರುತ್ತಿದ್ದರಂತೆ. ಅವನ ಕೈಗೆ ಹೋದರೆ ಪ್ರತಿ ಅಕ್ಷರ ಬಿಡಿಬಿಡಿಯಾಗಿ ಕೇಳುತ್ತದೆ ಎಂಬುದು ಆ ಹೆಸರು.

ಕಿವಿ ಕಟ್ಟಿಕೊಂಡೇ ಇತ್ತು. ಆದರೆ ಕೆಲಸ ನಿಲ್ಲಿಸುವ ಹಾಗಿರಲಿಲ್ಲ. ಬಲಗಡೆ ಮಂಕಾಗಿ ಕೇಳುತ್ತಿದ್ದುದರಿಂದ, ನೆಗಡಿ ಇಳಿಯುವ ತನಕ ಎಂದು, ಕಂಪ್ಯೂಟರಿನಲ್ಲಿ ಇಡೀ ಹಾಡಿನ ಬಲಭಾಗವನ್ನು ಸ್ವಲ್ಪ ಏರಿಸಿಟ್ಟುಕೊಂಡ. ಅವನಿಗೆ ಎರಡೂ ಕಡೆ ಸಮ ಆಯಿತು. ಹಾಡನ್ನು ಹೊರಗೆ ಕಳಿಸುವಾಗ ಅದನ್ನು ಇಳಿಸಬೇಕು ಎಂದು ಚೀಟಿ ಬರೆದು ಪರದೆಗೆ ಅಂಟಿಸಿದ್ದ. ವಾರ ಕಳೆಯಿತು, ಎರಡು ವಾರ ಕಳೆಯಿತು, ಮತ್ತಷ್ಟು ಏರಿಸಿದ. ಚೀಟಿಗೆ ಕಣ್ಣು ಒಗ್ಗಿಹೋಯಿತು. ಆಗಸ್ಟಿನಲ್ಲಿ ಆಲ್ಬಮ್ಮಿನ ಮೊದಲ ಹಾಡು ಹೊರಗೆ ಬಂತು. ಫೋನಿನಲ್ಲಿ ಹಾಗೇ ಕೇಳಿದವರಿಗೆ ಏನೂ ಅನ್ನಿಸಲಿಲ್ಲ. ಇಯರ್‌ಫೋನ್ ಹಾಕಿ ಕೇಳಿದವರು ಬರೆಯತೊಡಗಿದರು, ಹಾಡು ಒಂದೇ ಕಡೆ ವಾಲಿದೆ, ಬಲಗಡೆ ಕಿವಿ ಕೊರೆಯುತ್ತದೆ ಎಂದು. ಇಮ್ರಾನ್ ಓಡಿಬಂದು ಕೇಳಿದರೆ ಲೋಹಿತನಿಗೆ ಸಿಟ್ಟು. ಗೋಡೆಗೆ ಅಂಟಿಸಿದ್ದ ನನ್ನ ರಿಪೋರ್ಟನ್ನು ತೋರಿಸಿ, ಕಿವಿ ಸರಿ ಇದೆ ಅಂತ ಬರೆದುಕೊಟ್ಟಿದ್ದಾರೆ, ನಿನ್ನ ಕಿವಿ ತೋರಿಸಿಕೋ ಎಂದನಂತೆ. ಇದನ್ನು ಹೇಳುವಾಗ ಇಮ್ರಾನ್ ನಗುತ್ತಿದ್ದ. ನಾನು ನಗಲಿಲ್ಲ. ತನ್ನ ಕಿವಿಗಿಂತ ಆ ಕಾಗದವನ್ನು ಅವನು ಹೆಚ್ಚು ನಂಬಿದ್ದ.

ಇಮ್ರಾನ್ ಅವನನ್ನು ಎಳೆದುಕೊಂಡು ಬಂದದ್ದು ವರಮಹಾಲಕ್ಷ್ಮಿ ಹಬ್ಬ ಕಳೆದ ವಾರ. ಸಂಜೆ ನಾಲ್ಕು ಗಂಟೆ. ಆಗಷ್ಟೇ ದೊಡ್ಡ ಮಳೆ ನಿಂತು ಬೀದಿಯಲ್ಲಿ ಸ್ಕೂಟರುಗಳು ನೀರು ಸೀಳಿಕೊಂಡು ಹೋಗುತ್ತಿದ್ದವು. ಲೋಹಿತ್ ಒಳಗೆ ಕೂತ, ಈ ಸಲ ಚಪ್ಪಾಳೆ ತಟ್ಟಲಿಲ್ಲ. ಬೆಂಚಿನಲ್ಲಿ ಜಾಗವಿಲ್ಲದೆ ಇಮ್ರಾನ್ ನನ್ನ ಮೇಜಿನ ಪಕ್ಕದ ಸ್ಟೂಲಿನ ಮೇಲೆ ಕೂತಿದ್ದ. ನಾನು ಬಲಗಿವಿಯಿಂದಲೇ ಶುರು ಮಾಡಿದೆ. ದೀಪ ಹತ್ತಿತು. ತಗ್ಗಿಸಿದೆ, ಹತ್ತಿತು. ಮತ್ತೆ ಅದೇ ಒಳ್ಳೆಯ ಗೆರೆ ಬರುತ್ತಿತ್ತು. ಆಗ ಪಕ್ಕದಲ್ಲಿ ಇಮ್ರಾನನ ಬೆರಳು ಮೊಣಕಾಲಿನ ಮೇಲೆ ಬಡಿಯುತ್ತಿದ್ದುದು ಕಣ್ಣಿಗೆ ಬಿತ್ತು. ಅವನು ಬಡಿದಾಗಲೆಲ್ಲ ನಾನು ಒತ್ತುತ್ತಿದ್ದೆ.

“ಆಂಟಿ,” ಎಂದ ಅವನು, ದನಿ ತಗ್ಗಿಸಿ. “ನೀವು ತಾಳದಲ್ಲಿ ಒತ್ತುತ್ತಾ ಇದೀರ. ಒಂದು ಚೂರೂ ಆಚೆ ಈಚೆ ಇಲ್ಲ. ಅವನು ಕೇಳಿಸ್ಕೊತಾ ಇಲ್ಲ, ಎಣಿಸ್ತಾ ಇದಾನೆ.”

ನಾನು ಗುಂಡಿಯಿಂದ ಬೆರಳು ತೆಗೆದೆ. ಕೈಯನ್ನು ಮಡಿಲಲ್ಲಿ ಇಟ್ಟುಕೊಂಡೆ. ಯಂತ್ರದಿಂದ ಯಾವ ನಾದವೂ ಹೋಗುತ್ತಿರಲಿಲ್ಲ. ದೀಪ ಹತ್ತಿತು. ಇಮ್ರಾನನ ಬೆರಳು ಮತ್ತೆ ಬಿತ್ತು, ಮತ್ತೆ ಹತ್ತಿತು. ಮೂರನೆಯ ಸಲವೂ ಹತ್ತಿತು. ಗಾಜಿನ ಆಚೆ ಲೋಹಿತ್ ಕಣ್ಣು ಮುಚ್ಚಿಕೊಂಡು, ತಲೆ ತುಸು ಬಾಗಿಸಿ, ಬಹಳ ಗಮನವಿಟ್ಟು ಏನನ್ನೋ ಆಲಿಸುವವನ ಹಾಗೆ ಕೂತಿದ್ದ.

ನನ್ನ ಕೆಲಸ ಕಲಿಸುವವರು ಮೊದಲ ದಿನವೇ ಒಂದು ಮಾತು ಹೇಳಿಕೊಡುತ್ತಾರೆ. ಎರಡು ನಾದಗಳ ನಡುವಿನ ಬಿಡುವು ಒಂದೇ ಸಮ ಇರಕೂಡದು, ಮುಂದಿನದು ಯಾವಾಗ ಬರುತ್ತದೆಂದು ಕೂತವರಿಗೆ ಊಹಿಸಲು ಬರಬಾರದು. ನನಗೂ ಹೇಳಿಕೊಟ್ಟಿದ್ದರು. ಅದನ್ನು ನಾನು ಯಾವ ವರ್ಷದಿಂದ ಬಿಟ್ಟೆನೋ ತಿಳಿಯದು. ಎಷ್ಟೋ ಜನರ ಕಾಗದ ಸರಿಯಾಗಿಯೇ ಬಂದಿರಬೇಕು, ಏಕೆಂದರೆ ಎಲ್ಲರೂ ತಾಳದಲ್ಲಿ ಬದುಕುವವರಲ್ಲ. ಹಾಗೆಂದು ನಾನು ಆಗ ಯೋಚಿಸಿದೆ. ಈಗ ಹಾಗೆ ಯೋಚಿಸುವುದೂ ಸುಲಭವಲ್ಲ.

ಒಂದು ಚೀಟಿಯ ಮೇಲೆ ಎರಡು, ಐದು, ಒಂದು, ನಾಲ್ಕು ಎಂದು ಮನಸ್ಸಿಗೆ ಬಂದ ಅಂಕಿಗಳನ್ನು ಬರೆದುಕೊಂಡು, ಅಷ್ಟಷ್ಟು ಸೆಕೆಂಡು ಬಿಟ್ಟು ಮತ್ತೆ ಮೊದಲಿನಿಂದ ಅಳೆದೆ. ಕೆಳಸ್ವರಗಳಲ್ಲಿ ದೀಪ ಸರಿಯಾಗಿ ಹತ್ತಿತು. ಮೇಲೆ ಹೋದ ಹಾಗೆ ತಡವಾಯಿತು. ಹಕ್ಕಿಯ ಚಿಲಿಪಿಲಿ, ಬಳೆಯ ಸದ್ದು, ಸಕಾರ ಶಕಾರಗಳು ಇರುವ ಎತ್ತರದಲ್ಲಿ ದೀಪ ಹತ್ತಲೇ ಇಲ್ಲ. ಕೆಂಪು ಗೆರೆ ಮೆಟ್ಟಿಲು ಇಳಿದ ಹಾಗೆ ಇಳಿದು ಕಾಗದದ ಕೆಳಗೆ ಹೋಯಿತು. ಇಮ್ರಾನ್ ಅದನ್ನೇ ನೋಡುತ್ತಿದ್ದ.

ಡಾಕ್ಟರು ಈ ಕಾಗದ ನೋಡಿ ಶ್ರುತಿಕವೆ ತೆಗೆದರು. ಕಿವಿಯೊಳಗಿನ ನರ ದಿಢೀರನೆ ಸೋತಿದೆ, ಇದಕ್ಕೆ ಮಾತ್ರೆ ಇದೆ, ಆದರೆ ಮೊದಲ ಎರಡು ವಾರದೊಳಗೆ ಶುರುವಾದರೆ ಫಲ ಕಾಣುವ ಸಂಭವ ಹೆಚ್ಚು ಎಂದು ವಿವರಿಸಿದರು.

“ಮೊದಲೇ ಬರಬೇಕಿತ್ತಪ್ಪ,” ಎಂದರು.

“ಬಂದಿದ್ದೆ ಸಾರ್,” ಎಂದ ಲೋಹಿತ್.

ಡಾಕ್ಟರು ಫೈಲಿನ ಹಾಳೆ ತಿರುಗಿಸಿ ಜುಲೈ ತಿಂಗಳ ಕಾಗದವನ್ನು ನೋಡಿದರು. ನನ್ನನ್ನು ನೋಡಲಿಲ್ಲ. ಮಾತ್ರೆ ಬರೆದರು, ದೊಡ್ಡ ಆಸ್ಪತ್ರೆಗೆ ಪತ್ರ ಕೊಟ್ಟರು. ಆಸ್ಪತ್ರೆಯಲ್ಲಿ ಕಿವಿಗೇ ಇಂಜೆಕ್ಷನ್ ಹಾಕಿದರು. ಎರಡು ವಾರದ ನಂತರ ನಾನೇ ಅಳೆದೆ. ಗೆರೆ ಕದಲಿರಲಿಲ್ಲ.

ಆ ಕಡೆಯ ಅಳತೆಯ ದಿನ ಅವರು ಹೋದ ಮೇಲೆ ಡಾಕ್ಟರೇ ನನ್ನ ಮೇಜಿನ ಹತ್ತಿರ ಬಂದರು. ಬೇಗ ಮಾತ್ರೆ ಕೊಟ್ಟಿದ್ದರೂ ಎಲ್ಲರಿಗೂ ವಾಪಸು ಬರುವುದಿಲ್ಲ, ಇವನಿಗೂ ಬರುತ್ತಿತ್ತೋ ಇಲ್ಲವೋ ಯಾರೂ ಹೇಳಲಾರರು, ಮೊದಲ ಸಲ ಶ್ರುತಿಕವೆ ತೆಗೆಯದಿದ್ದದ್ದು ತಮ್ಮ ತಪ್ಪು ಎಂದರು. ಅದು ನಿಜವೇ. ಲೋಹಿತನಿಗೆ ವಿಷಯ ತಿಳಿಸಲು ಅವನ ಮನೆಗೆ ಹೋಗುತ್ತೇನೆ ಎಂದೆ. ಅವರು ಕನ್ನಡಕ ತೆಗೆದು ಒರೆಸಿಕೊಂಡರು.

“ಹೋಗ್ಬೇಡಿ ಅನ್ನಲ್ಲ. ಹೋಗಿ ಅಂತಲೂ ಅನ್ನಲ್ಲ,” ಎಂದರು.

ಹದಿಮೂರು ದಿನ ನಾನು ಹೋಗಲಿಲ್ಲ. ಎಣಿಸಿದ್ದೇನೆ. ಒಂದು ದಿನ ಮಳೆ ಎಂದುಕೊಂಡೆ, ಇನ್ನೊಂದು ದಿನ ಮನೆಗೆ ನೆಂಟರು ಎಂದುಕೊಂಡೆ. ಆ ದಿನಗಳಲ್ಲಿ ಕೆಲಸಕ್ಕೆ ಬಂದವರನ್ನೆಲ್ಲ ಚೀಟಿ ನೋಡಿಕೊಂಡೇ ಅಳೆಯುತ್ತಿದ್ದೆ, ಒಬ್ಬೊಬ್ಬರಿಗೂ ಮೊದಲಿನ ಎರಡರಷ್ಟು ಹೊತ್ತು ಹಿಡಿಯುತ್ತಿತ್ತು. ಬೆಂಚಿನವರು ಗೊಣಗುತ್ತಿದ್ದರು. ಗಣೇಶನನ್ನು ಕೂರಿಸಿದ ಮರುವಾರ, ಭಾನುವಾರ ಬೆಳಿಗ್ಗೆ ಸ್ಕೂಟರ್ ತೆಗೆದೆ.

ಅವನ ಕೋಣೆ ಲಗ್ಗೆರೆಯ ಒಂದು ಗಲ್ಲಿಯಲ್ಲಿ ಮೂರನೆಯ ಮಹಡಿ. ನೆಲ ಅಂತಸ್ತಿನಲ್ಲಿ ತಗಡು ಒತ್ತುವ ಪ್ರೆಸ್, ಭಾನುವಾರವೂ ಧಡ್ ಧಡ್ ಎನ್ನುತ್ತಿತ್ತು. ಬಾಗಿಲು ತೆರೆದ ಕೂಡಲೇ ಹಳದಿ ಅಂಟಿನ ವಾಸನೆ. ಗೋಡೆಗೆಲ್ಲ ಸ್ಪಂಜು, ಮೇಜಿನ ಮೇಲೆ ಎರಡು ಸ್ಪೀಕರು, ಕಿಟಕಿಗೆ ಹಾಸಿಗೆ ಅಡ್ಡ ಇಟ್ಟಿದ್ದ. ನನ್ನ ಮೊದಲ ರಿಪೋರ್ಟು ಇನ್ನೂ ಗೋಡೆಯ ಮೇಲಿತ್ತು. ಅವನ ತಾಯಿ ಪಕ್ಕದ ಕೋಣೆಯಿಂದ ಬಂದು, ಡಾಕ್ಟರಮ್ಮ ಅಂತ ಕರೆದು, ಕಾಫಿ ಇಟ್ಟು ಹೋದರು. ನಾನು ಡಾಕ್ಟರಲ್ಲ ಎಂದು ಹೇಳಲು ಆಗಲಿಲ್ಲ.

ಅವನ ಎಡಗಡೆಗೆ ಕೂತೆ. ಮನೆಯಲ್ಲೇ ಮಾತನ್ನು ಜೋಡಿಸಿಕೊಂಡು ಹೋಗಿದ್ದೆ. ಮೊದಲ ಪರೀಕ್ಷೆ ತಪ್ಪಾಗಿತ್ತು, ತಪ್ಪು ನನ್ನದು, ಸರಿಯಾಗಿ ಅಳೆದಿದ್ದರೆ ಅವತ್ತೇ ಮಾತ್ರೆ ಶುರುವಾಗುತ್ತಿತ್ತು, ಆಗ ಕಿವಿ ಉಳಿಯುತ್ತಿತ್ತೋ ಇಲ್ಲವೋ ಹೇಳಲು ಬರುವುದಿಲ್ಲ. ಇಷ್ಟನ್ನೇ ಹೇಳಿದೆ.

ಅವನು ಸ್ವಲ್ಪ ಹೊತ್ತು ಕೀಬೋರ್ಡಿನ ಧೂಳು ಒರೆಸಿದ.

“ಇಮ್ರಾನ್ ಅವತ್ತೇ ಹೇಳ್ದ ಮೇಡಂ, ಕ್ಲಿನಿಕ್ ಮೆಟ್ಟಿಲ ಮೇಲೇನೇ. ನೀವು ಬರ್ತೀರಾ ಇಲ್ವಾ ಅಂತ ನೋಡ್ತಾ ಇದ್ದೆ.”

ಆಮೇಲೆ ಅವನು ಹೇಳಿದ್ದು ಇದು. ಅವನ ತಂದೆ ಮೂವತ್ತು ವರ್ಷ ಪ್ರೆಸ್ ಶಾಪಿನಲ್ಲಿ ದುಡಿದವರು. ಇವನು ಹುಡುಗನಾಗಿದ್ದಾಗಲೇ ಅವರ ಕಿವಿ ಹೋಗಿತ್ತು. ಮನೆಯಲ್ಲಿ ಅವರ ಜೊತೆ ಮಾತಾಡಬೇಕಾದರೆ ಪ್ರತಿ ಅಕ್ಷರವನ್ನೂ ಬಿಡಿಸಿ, ತುಟಿ ಕಾಣುವ ಹಾಗೆ ಹೇಳಬೇಕಿತ್ತು. ಅವನ ನಾಲಿಗೆ ಹದವಾದದ್ದು ಅಲ್ಲಿ. ಕಾರ್ಖಾನೆಗೆ ವರ್ಷಕ್ಕೊಮ್ಮೆ ಕಿವಿ ಪರೀಕ್ಷೆಯ ವ್ಯಾನು ಬರುತ್ತಿತ್ತು. ಫೇಲಾದವರನ್ನು ಯಂತ್ರದಿಂದ ತೆಗೆದು ಕಡಿಮೆ ಸಂಬಳದ ಗೋಡೌನ್ ಕೆಲಸಕ್ಕೆ ಹಾಕುತ್ತಿದ್ದರು. ಹಾಗಾಗಿ ಶಾಪಿನವರೆಲ್ಲ ಒಂದು ಉಪಾಯ ಕಲಿತಿದ್ದರು. ಮೊದಲ ನಾಲ್ಕು ಸದ್ದು ಜೋರಾಗಿರುತ್ತವೆ, ಅವುಗಳ ಬಿಡುವನ್ನು ಹಿಡಿದುಕೊಂಡುಬಿಟ್ಟರೆ ಆಮೇಲೆ ಕೇಳಿಸಬೇಕಾಗಿಲ್ಲ. ಅಪ್ಪ ಊಟಕ್ಕೆ ಕೂತಾಗ ತಟ್ಟೆಯ ಅಂಚಿಗೆ ಬೆರಳು ಬಡಿದು ಅದನ್ನು ತೋರಿಸುತ್ತಿದ್ದರಂತೆ. ಎಲ್ಲರೂ ನಗುತ್ತಿದ್ದರು.

“ಬೇಕು ಅಂತ ಮಾಡಿಲ್ಲ ಮೇಡಂ. ಬಟನ್ ಕೈಗೆ ಬಂತು, ಬೆರಳೇ ಶುರು ಮಾಡ್ತು. ಮಧ್ಯದಲ್ಲಿ ಗೊತ್ತಾಯ್ತು, ಇದು ಕೇಳಿಸ್ತಿಲ್ಲ ಅಂತ. ನಿಲ್ಲಿಸ್ಬೇಕಿತ್ತು. ಟೆಸ್ಟ್ ಅಲ್ವಾ, ಪಾಸಾಗ್ಬಿಡೋಣ ಅನ್ನಿಸ್ತು.”

ಕೂತವರು ಎಣಿಸದ ಹಾಗೆ ನೋಡಿಕೊಳ್ಳುವುದು ಅಳೆಯುವವರ ಕೆಲಸ, ಕೂತವರದಲ್ಲ ಎಂದೆ. ಅವನು ಹೌದು ಎಂದ. ಪರವಾಗಿಲ್ಲ ಎನ್ನಲಿಲ್ಲ. ಆ ಮಾತು ಕೇಳಲೆಂದು ನಾನು ಹೋದದ್ದಲ್ಲ ಎಂದುಕೊಂಡಿದ್ದೆ. ಆದರೂ ಅವನು ಅನ್ನದೆ ಇದ್ದದ್ದು ನನಗೆ ಗೊತ್ತಾಯಿತು.

ನಾನು ಹೊರಡುವಾಗ ಅವನು ಒಂದು ಕೇಳಿದ. ಇನ್ನೊಂದು ಸಲ ಬಲಗಿವಿಯನ್ನು ಅಳೆಯಬೇಕು, ಆದರೆ ಯಾವಾಗಲೂ ನೋಡುವ ಏಳೆಂಟು ಸ್ವರಗಳಲ್ಲಿ ಮಾತ್ರವಲ್ಲ, ನಡುವಿನವನ್ನೂ ಸೇರಿಸಿ, ಎಷ್ಟು ಸಣ್ಣದಾಗಿ ಆಗುತ್ತದೋ ಅಷ್ಟು. ಮುಂದಿನ ಗುರುವಾರ ಕ್ಲಿನಿಕ್ಕಿನ ಊಟದ ಹೊತ್ತಿನಲ್ಲಿ ಒಂದೂವರೆ ಗಂಟೆ ಅಳೆದೆವು. ಅವನು ಬೆರಳನ್ನು ಬಟನ್ನಿನ ಮೇಲೆ ಇಟ್ಟುಕೊಳ್ಳದೆ, ಕೇಳಿಸಿದಾಗ ಮಾತ್ರ ಕೈ ಎತ್ತುತ್ತೇನೆ ಎಂದ. ಹಾಗೇ ಮಾಡಿದ. ನಡುನಡುವೆ ಬಹಳ ಹೊತ್ತು ಕೈ ಮಡಿಲಲ್ಲೇ ಇರುತ್ತಿತ್ತು. ಗಾಜಿನ ಈಚೆ ನಾನು ಏರಿಸುತ್ತ ಹೋಗುತ್ತಿದ್ದೆ. ಅಷ್ಟು ವಿವರವಾದ ಗೆರೆಯನ್ನು ನಾನು ಯಾರಿಗೂ ಎಳೆದುಕೊಟ್ಟಿರಲಿಲ್ಲ.

ಹೊರಗೆ ಬಂದಿದ್ದ ಆ ಮೊದಲ ಹಾಡನ್ನೂ ಸೇರಿಸಿ ಎಂಟು ಹಾಡುಗಳನ್ನು ಲೋಹಿತ್ ಇಮ್ರಾನನನ್ನು ಬಲಗಡೆ ಕೂರಿಸಿಕೊಂಡು ಹದ ಮಾಡಿದನಂತೆ. ಬಲಗಡೆ ಹೆಂಗಿದೆ ಎಂದು ಕೇಳುವುದು, ಅವನು ಹೇಳುವುದು, ಇಬ್ಬರೂ ಜಗಳವಾಡುವುದು. ದಸರಾ ದಾಟಿತು. ಬೇರೆಯವರ ಹಾಡುಗಳನ್ನು ಹದ ಮಾಡಿಕೊಡುವುದನ್ನು ನಿಲ್ಲಿಸಿದ್ದ, ಹುಡುಕಿಕೊಂಡು ಬಂದವರಿಗೆ ತಾನೇ ಬೇರೆ ಹೆಸರು ಹೇಳಿ ಕಳಿಸುತ್ತಿದ್ದ. ಮಳೆ ಪೂರ್ತಿ ಹಿಂದೆ ಸರಿದ ಮೇಲೆ, ದೀಪಾವಳಿಯ ಸದ್ದೆಲ್ಲ ಮುಗಿದ ಒಂದು ಶುಕ್ರವಾರ ಆಲ್ಬಮ್ ಹೊರಗೆ ಬಂತು. ನನಗೆ ಕೊಂಡಿ ಕಳಿಸಿ, ಒಂಬತ್ತನೆಯದನ್ನು ಒಳ್ಳೆಯ ಹೆಡ್‌ಫೋನಿನಲ್ಲಿ ಕೇಳಿ ಎಂದು ಬರೆದಿದ್ದ. ಅದೊಂದನ್ನು ಯಾರನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳದೆ ಮಾಡಿದ್ದಂತೆ.

ಶನಿವಾರ ಮಧ್ಯಾಹ್ನ ಕ್ಲಿನಿಕ್ ಖಾಲಿಯಾದ ಮೇಲೆ ಕೋಣೆಯೊಳಗೆ ಹೋಗಿ ಕೂತು ಕೇಳಿದೆ. ಹಾಡು ಅವನ ತಂದೆಯ ಕುರಿತಾದದ್ದು. ‘ಏಳಕ್ಕೆ ಸೈರನ್ನು, ಐದಕ್ಕೆ ಸೈರನ್ನು, ನಡುವೆ ನಮ್ಮಪ್ಪ ಎಲ್ಲಿದ್ದ ಹೇಳು’ ಎಂದು ಶುರುವಾಗುತ್ತದೆ. ಎಡಗಡೆ ಎಲ್ಲವೂ ಇತ್ತು. ಪ್ರೆಸ್ಸಿನ ಬಡಿತ, ತಗಡಿನ ಕಿಣಿಕಿಣಿ, ಅವನ ದನಿಯ ಪ್ರತಿ ಅಕ್ಷರ. ಬಲಗಡೆ ಬಡಿತ ಮಾತ್ರ ಪೂರ್ತಿ ಇತ್ತು. ದನಿ ಇತ್ತು, ಆದರೆ ಉಸಿರಿಲ್ಲದೆ. ಸೈರನ್ ಎಂಬ ಪದದ ಸಕಾರವೇ ಇರಲಿಲ್ಲ. ತಗಡಿನ ಸದ್ದು ಆ ಕಡೆ ಇರಲೇ ಇಲ್ಲ. ಎರಡನೆಯ ಸಲ ಕೇಳುವಾಗ ಎಡಗಡೆಯದನ್ನು ತೆಗೆದು ಬಲಗಡೆಯದನ್ನು ಮಾತ್ರ ಇಟ್ಟುಕೊಂಡೆ. ಯಾವ ಎತ್ತರದಲ್ಲಿ ಸದ್ದು ಇಳಿಯಲು ಶುರುವಾಗುತ್ತದೆ, ಎಲ್ಲಿ ಒಮ್ಮೆ ತುಸು ಏರಿ ಮತ್ತೆ ಬೀಳುತ್ತದೆ, ಎಲ್ಲಿ ನಿಂತುಹೋಗುತ್ತದೆ ಎಂಬುದು ನನಗೆ ಮೊದಲೇ ಗೊತ್ತಿತ್ತು. ಆ ಗುರುವಾರ ನಾನು ಎಳೆದ ಗೆರೆ ಅದು. ಅವನು ಅದನ್ನು ಒಂದೊಂದು ಸೊನ್ನೆಯಾಗಿ ಹಾಡಿನ ಬಲಭಾಗಕ್ಕೆ ಇಳಿಸಿದ್ದ. ಕೆಂಪು ಸೊನ್ನೆಗಳನ್ನು ನಾನು ಸಾವಿರಾರು ಸಲ ಬರೆದಿದ್ದೇನೆ. ಒಬ್ಬರ ಗೆರೆಯೊಳಗೆ ಕೂತು ಕೇಳಿದ್ದು ಅದೇ ಮೊದಲು.

ಸಂಜೆ ಅವನೇ ಫೋನ್ ಮಾಡಿ ಸರಿಯಾಗಿದೆಯಾ ಎಂದು ಕೇಳಿದ. ಹಾಡು ಹೇಗಿದೆ ಎಂದು ಅವನು ಕೇಳುತ್ತಿಲ್ಲ ಎಂದು ನನಗೆ ತಿಳಿಯಿತು. ನಾನು ಕಾಗದವನ್ನು ಮುಂದಿಟ್ಟುಕೊಂಡೇ ಇದ್ದೆ. ಬಹುಪಾಲು ಸರಿಯಾಗಿದೆ ಎಂದೆ. ಆಮೇಲೆ ಇದ್ದದ್ದನ್ನು ಹೇಳಿದೆ.

“ಮೇಲಿನ ಸ್ವರದಲ್ಲಿ, ಆರು ಸಾವಿರ ಹರ್ಟ್ಸ್ ಹತ್ರ, ಸದ್ದು ಸ್ವಲ್ಪ ಜಾಸ್ತಿ ಬಿಟ್ಟಿದೀರ. ಅಷ್ಟು ನಿಮಗೆ ಕೇಳ್ಸಲ್ಲ.”

ಅವನ ಹಿಂದೆ ಎಲ್ಲೋ ಪ್ರೆಸ್ ಬಡಿಯುತ್ತಿತ್ತು.

“ಗೊತ್ತು ಮೇಡಂ, ಕೇಳ್ಸಲ್ಲ,” ಎಂದ. “ಆದ್ರೆ ಆ ಸದ್ದು ಅಲ್ಲಿದೆ ಅಂತ ನನಗೆ ಗೊತ್ತಲ್ವಾ. ಅದೊಂಚೂರು ಇರ್ಲಿ ಅಂತ ಬಿಟ್ಟಿದೀನಿ.”